ಹೆರಿಟೇಜ್ ಬೂಟುಗಳನ್ನು ನಿಜಕ್ಕೂ ಕೈಯಲ್ಲೇ ಮಾಡುತ್ತಾರೆಯೇ?

ನೀವು ಒಂದು ಪ್ರಶ್ನೆ ಕೇಳಿದ್ದೇನೆ ಎಂದುಕೊಂಡಿದ್ದೀರಿ, ಅದರೊಳಗೆ ಐದು ಇವೆ. ಮಿನಿಯಾಪೊಲಿಸ್‌ನಲ್ಲಿರುವ ನಿಮ್ಮ ಚಿಕ್ಕಪ್ಪ ದೀಪಾವಳಿಗೆ ಬರುವಾಗ ರೆಡ್ ವಿಂಗ್ ಕಂಪನಿಯ ಐರನ್ ರೇಂಜರ್ ಎಂಬ ಹೆರಿಟೇಜ್ ಬೂಟು, ಅಂದರೆ ಹಳೆಯ ಕಾಲದ ಮಾದರಿಯಲ್ಲಿ ಮಾಡಿದ ಬೂಟು ತರಲಿದ್ದಾರೆ. ಮೂವತ್ತು ಸಾವಿರ ರೂಪಾಯಿಯ ಬೂಟನ್ನು ಒಬ್ಬನೇ ಕುಶಲಕರ್ಮಿ ಕೈಯಲ್ಲಿ ಮಾಡಿರುತ್ತಾನೆ, ಗುಡ್‌ಇಯರ್ ಹೊಲಿಗೆ ಟೈರ್ ಕಂಪನಿಯದು, ಸಾಮಗ್ರಿಯೆಲ್ಲ ಅಮೆರಿಕದ್ದೇ, ಒಮ್ಮೆ ಕೊಂಡರೆ ಜೀವಮಾನಕ್ಕೆ ಸಾಕು, ಭಾರತದಲ್ಲಿ ತಯಾರಾದದ್ದು ಕಳಪೆ ಎಂದು ಸ್ನೇಹಿತರು ಹೇಳಿದ್ದಾರೆ. ಇದೆಲ್ಲ ನಿಜವೇ ಎಂಬುದು ನಿಮ್ಮ ಅನುಮಾನ. ನಾನು ಬೆಂಗಳೂರಿನ ಖರೀದಿ ಕಚೇರಿಯೊಂದರ ಪರವಾಗಿ ತಮಿಳುನಾಡಿನ ಆಂಬೂರು, ರಾಣಿಪೇಟೆ ಕಡೆಯ ಪಾದರಕ್ಷೆ ಕಾರ್ಖಾನೆಗಳಲ್ಲಿ ಗುಣಮಟ್ಟ ನೋಡುವ ಕೆಲಸ ಮಾಡಿದವನು. ಬೂಟು ಚೆನ್ನಾಗಿದೆ, ಧಾರಾಳವಾಗಿ ತರಿಸಿಕೊಳ್ಳಿ. ಅದರ ಸುತ್ತ ಹಬ್ಬಿರುವ ಕಥೆಯಲ್ಲಿ ಮಾತ್ರ ಅರ್ಧಕ್ಕರ್ಧ ಅಂಗಡಿಯವರ ಮಾತು.

ಮೊದಲು ಕೈಕೆಲಸದ ವಿಚಾರ. ಕಿಟಕಿಯ ಪಕ್ಕ ಕುಳಿತ ಮುದುಕನೊಬ್ಬ ತೊಡೆಯ ಮೇಲೆ ಬೂಟು ಇಟ್ಟುಕೊಂಡು ಮೇಣದ ದಾರ ಎಳೆಯುತ್ತಿರುವ ಚಿತ್ರ ಜಾಹೀರಾತುಗಳಲ್ಲಿ ಬಹಳ ಚಂದ ಕಾಣಿಸುತ್ತದೆ. ರೆಡ್ ವಿಂಗ್ ಕಂಪನಿ ಮಿನೆಸೋಟಾ ರಾಜ್ಯದ ಅದೇ ಹೆಸರಿನ ಊರಿನಲ್ಲಿ ಶುರುವಾದದ್ದು 1905ರಲ್ಲಿ. ಅಷ್ಟರೊಳಗೆ ಆ ಮುದುಕನ ಕೆಲಸವನ್ನು ಯಂತ್ರಗಳು ಹಂಚಿಕೊಂಡಾಗಿತ್ತು. ಬೂಟಿನ ಮೇಲ್ಭಾಗಕ್ಕೆ ಅಟ್ಟೆ ಹೊಲಿಯುವ ಯಂತ್ರಕ್ಕೆ ಲೈಮನ್ ಬ್ಲೇಕ್ 1858ರಲ್ಲಿ ಪೇಟೆಂಟ್ ಪಡೆದಿದ್ದ. 1870ರ ದಶಕದಲ್ಲಿ ವೆಲ್ಟ್, ಅಂದರೆ ಬೂಟಿನ ಅಂಚಿನ ಚರ್ಮದ ಪಟ್ಟಿ ಹೊಲಿಯುವ ಯಂತ್ರ ಬಂತು. ಉಳಿದದ್ದು ಲಾಸ್ಟಿಂಗ್ ಒಂದೇ: ಪಾದದ ಆಕಾರದ ಅಚ್ಚಿನ ಮೇಲೆ ಚರ್ಮವನ್ನು ಎಳೆದು, ಬೆರಳಿನ ಭಾಗದಲ್ಲಿ ಸುಕ್ಕು ಬೀಳದಂತೆ ಮಡಚಿ, ಮೊಳೆ ಹೊಡೆದು ಕೂರಿಸುವುದು. ಇದನ್ನು ಯಂತ್ರ ಮಾಡಲಾರದು ಎಂಬ ಧೈರ್ಯದಲ್ಲಿ ಲಾಸ್ಟಿಂಗ್ ಕೆಲಸಗಾರರು ಇದ್ದರು. ಸುರಿನಾಮ್‌ನಲ್ಲಿ ಹುಟ್ಟಿ, ಮ್ಯಾಸಚೂಸೆಟ್ಸ್‌ನ ಲಿನ್ ಪಟ್ಟಣದ ಬೂಟಿನ ಕಾರ್ಖಾನೆಯಲ್ಲಿ ದುಡಿಯುತ್ತಿದ್ದ ಯಾನ್ ಮ್ಯಾಟ್ಸೆಲಿಗರ್ ಎಂಬ ಕಪ್ಪುವರ್ಣೀಯ ಯುವಕ ರಾತ್ರಿಗಳನ್ನು ಸುರಿದು ಅದನ್ನೂ ಸಾಧಿಸಿಬಿಟ್ಟ. ಅವನ ಪೇಟೆಂಟ್ 1883ರದ್ದು. ನುರಿತ ಕೆಲಸಗಾರ ದಿನಕ್ಕೆ ಸುಮಾರು 50 ಜೊತೆ ಮುಗಿಸುತ್ತಿದ್ದರೆ ಅವನ ಯಂತ್ರ 150ರಿಂದ 700 ಜೊತೆಯವರೆಗೆ ಮುಗಿಸುತ್ತಿತ್ತು. ಬೂಟು ಬಡವರ ಕೈಗೆ ಎಟುಕುವಂತಾಯಿತು. ಅವನು ಮಾತ್ರ ಕ್ಷಯಕ್ಕೆ ಸಿಕ್ಕಿ 1889ರಲ್ಲಿ, 36ನೆಯ ವಯಸ್ಸಿಗೇ ತೀರಿಕೊಂಡ. ಪರಂಪರೆ ಎಂದು ಮೆರೆಸುವುದಾದರೆ ಇವನ ಚಿತ್ರವನ್ನು ಅಂಗಡಿಯ ಗೋಡೆಗೆ ಹಾಕಬೇಕು.

ಹಾಗಾಗಿ ಈ ಬೂಟುಗಳ ಪರಂಪರೆ ಕಾರ್ಖಾನೆಯ ಪರಂಪರೆ. ರೆಡ್ ವಿಂಗ್‌ನಲ್ಲಿ ಮೂರು ಸಾಲು ಹೊಲಿಗೆ ಹಾಕಲು ಇಂದಿಗೂ ಪ್ಯೂರಿಟನ್ ಎಂಬ ಹಳೆಯ ಕಾಲದ ಯಂತ್ರಗಳನ್ನು ಇಟ್ಟುಕೊಂಡಿದ್ದಾರೆ. ಅಲ್ಲಿ ಕೈಯ ಚಳಕ ಇಲ್ಲವೆಂದಲ್ಲ. ಸೂಜಿಯ ಕೆಳಗೆ ಚರ್ಮವನ್ನು ತಿರುಗಿಸುವುದು, ಅಟ್ಟೆಯ ಅಂಚನ್ನು ಸಾಣೆಗೆ ಹಿಡಿಯುವುದು ವರ್ಷಗಟ್ಟಲೆ ಪಳಗಿದವರಿಗೇ ಬರುವ ವಿದ್ಯೆ. ಆದರೆ ಒಬ್ಬರು ಒಂದೇ ಕೆಲಸ ಮಾಡುತ್ತಾರೆ. ನಿಮ್ಮ ಬೂಟು ಹತ್ತಾರು ಕೈ ದಾಟಿ ಬಂದಿರುತ್ತದೆ. ವೆಲ್ಟನ್ನೂ ನಿಜವಾಗಿ ಕೈಯಲ್ಲೇ ಹೊಲಿದ ಬೂಟು ಬೇಕೆಂದರೆ ಇಂಡೊನೇಷ್ಯಾದ ಬಾಂಡುಂಗ್ ನಗರದ ಸಣ್ಣ ಕಾರ್ಯಾಗಾರಗಳನ್ನು ನೋಡಿ. ಅಮೆರಿಕದ ದೊಡ್ಡ ಹೆಸರುಗಳಲ್ಲಿ ಅದನ್ನು ಹುಡುಕಬೇಡಿ.

ಗುಡ್‌ಇಯರ್ ವೆಲ್ಟ್‌ಗೂ ಟೈರಿಗೂ ಸಂಬಂಧವಿಲ್ಲ. ರಬ್ಬರನ್ನು ಗಂಧಕದೊಂದಿಗೆ ಕಾಯಿಸಿ ಗಟ್ಟಿಮಾಡುವ ವಿಧಾನಕ್ಕೆ 1844ರಲ್ಲಿ ಪೇಟೆಂಟ್ ಪಡೆದವನು ಚಾರ್ಲ್ಸ್ ಗುಡ್‌ಇಯರ್. ವೆಲ್ಟ್ ಯಂತ್ರ ಅದೇ ಹೆಸರಿನ ಅವನ ಮಗನದು. ಟೈರ್ ಕಂಪನಿಯನ್ನು 1898ರಲ್ಲಿ ಬೇರೆಯವರು ಕಟ್ಟಿ, ತಂದೆಯ ಗೌರವಾರ್ಥ ಹೆಸರು ಇಟ್ಟುಕೊಂಡರು. ಅಷ್ಟೇ ಕಥೆ.

ಈ ಹೊಲಿಗೆಯ ಬಗ್ಗೆ ಇದಕ್ಕಿಂತ ದೊಡ್ಡ ತಪ್ಪು ತಿಳಿವಳಿಕೆ ಬೇರೆಯಿದೆ. ವೆಲ್ಟ್ ಎಂದರೆ ಬೂಟಿನ ಸುತ್ತ ಅಂಚಿನಲ್ಲಿ ಕಾಣುವ ಚರ್ಮದ ಪಟ್ಟಿ. ಮೇಲ್ಭಾಗವನ್ನೂ ಇನ್‌ಸೋಲನ್ನೂ (ಪಾದ ಊರುವ ಒಳ ಅಟ್ಟೆ) ಒಂದು ಹೊಲಿಗೆ ಈ ಪಟ್ಟಿಗೆ ಸೇರಿಸುತ್ತದೆ, ಇನ್ನೊಂದು ಹೊಲಿಗೆ ಪಟ್ಟಿಗೆ ಅಟ್ಟೆಯನ್ನು ಸೇರಿಸುತ್ತದೆ. ಅಟ್ಟೆ ಸವೆದಾಗ ಎರಡನೆಯದನ್ನಷ್ಟೇ ಬಿಚ್ಚಿದರೆ ಸಾಕು, ಮೇಲ್ಭಾಗಕ್ಕೆ ತೊಂದರೆಯಿಲ್ಲ. ಇಷ್ಟು ಎಲ್ಲರೂ ಹೇಳುತ್ತಾರೆ. ಸವೆದ ಬೂಟಿನ ಅಟ್ಟೆ ಕಿತ್ತು, ಒಳಗೆ ತುಂಬಿದ ಕಾರ್ಕ್ ಪುಡಿಯನ್ನು ಕೆರೆದು ತೆಗೆದರೆ ಮತ್ತೊಂದು ಸಂಗತಿ ಕಾಣುತ್ತದೆ. ಇನ್‌ಸೋಲ್‌ನ ಅಡಿಯಲ್ಲಿ ಬೆರಳಿನ ಅರ್ಧ ಅಗಲದ ಕ್ಯಾನ್ವಾಸ್ ಬಟ್ಟೆಯ ಏಣು ಸುತ್ತಲೂ ಓಡಿರುತ್ತದೆ, ವೆಲ್ಟಿನ ಹೊಲಿಗೆ ಹಾದುಹೋಗಿರುವುದು ಅದರೊಳಗೆ. ಆ ಏಣನ್ನು ಇನ್‌ಸೋಲಿಗೆ ಅಂಟಿಸಿರುವುದು ಅಂಟಿನಿಂದ. ಇದಕ್ಕೆ ಜೆಮ್ಮಿಂಗ್ ಎನ್ನುತ್ತಾರೆ. ಇಂದಿನ ಗುಡ್‌ಇಯರ್ ಬೂಟುಗಳಲ್ಲಿ ಬಹುಪಾಲು ಹೀಗೆಯೇ. 'ಅಂಟು ಹಾಕಿದ ಬೂಟು ನಾನು ಮುಟ್ಟುವುದಿಲ್ಲ' ಎನ್ನುವವರ ಕಾಲಿನಲ್ಲೂ ಅಂಟು ಇದ್ದೇ ಇದೆ. ಚರ್ಮದ ಇನ್‌ಸೋಲನ್ನೇ ಚಾಕುವಿನಿಂದ ಕೆತ್ತಿ ಏಣು ಎಬ್ಬಿಸಿ ಹೊಲಿಯುವುದು ಕೈ ಹೊಲಿಗೆಯವರ ಪದ್ಧತಿ. ಜೆಮ್ಮಿಂಗ್ ಇದ್ದ ಮಾತ್ರಕ್ಕೆ ಬೂಟು ಕೆಟ್ಟದ್ದು ಎಂದು ನಾನು ಹೇಳುವುದಿಲ್ಲ, ಸರಿಯಾಗಿ ಅಂಟಿಸಿದ್ದು ವರ್ಷಾನುಗಟ್ಟಲೆ ಅಲುಗುವುದಿಲ್ಲ. ಇನ್‌ಸೋಲ್ ಚರ್ಮದ್ದೋ ಒತ್ತಿದ ನಾರಿನ ಹಲಗೆಯದೋ ಎಂಬುದು ಅದಕ್ಕಿಂತ ಮುಖ್ಯವಾದ ಪ್ರಶ್ನೆ, ಅದನ್ನು ಯಾರೂ ಕೇಳುವುದಿಲ್ಲ. ವೆಲ್ಟ್ ಇದ್ದರೆ ನೀರು ಒಳಹೋಗುವುದಿಲ್ಲ ಎಂಬುದೂ ಸುಳ್ಳು. ಮಲೆನಾಡಿನ ಮಳೆಗೆ ಗಮ್‌ಬೂಟೇ ಸರಿ.

ಐರನ್ ರೇಂಜರ್‌ನ ಮುಂದಿನ ಟೋಪಿಯಂಥ ಭಾಗದಲ್ಲಿ ಕಬ್ಬಿಣ ಇದೆ ಎಂದು ನಂಬುವವರೂ ಇದ್ದಾರೆ. ಅದು ಎರಡು ಪದರ ಚರ್ಮ, ಅಷ್ಟೇ. ಮಿನೆಸೋಟಾದ ಕಬ್ಬಿಣದ ಗಣಿ ಪ್ರದೇಶದಿಂದ ಬಂದ ಹೆಸರು ನೋಡಿ ಜನ ಮೋಸಹೋಗುತ್ತಾರೆ. ಕಾರ್ಖಾನೆಯಲ್ಲೋ ಕಟ್ಟಡದ ಕೆಲಸದಲ್ಲೋ ಕಾಲು ಕಾಯುವ ಬೂಟು ಬೇಕಿದ್ದರೆ ಸುರಕ್ಷತಾ ಬೂಟಿನ ಭಾರತೀಯ ಮಾನಕವಾದ ಐಎಸ್ 15298ರ ಗುರುತು ಇರುವುದನ್ನು ಕೊಳ್ಳಿ, ಹತ್ತರಲ್ಲಿ ಒಂದು ಪಾಲು ಬೆಲೆಗೆ ಸಿಗುತ್ತದೆ.

ಇನ್ನು ಎಲ್ಲಿಂದ ಬಂತು ಎಂಬ ವಿಷಯ. ರೆಡ್ ವಿಂಗ್‌ನ ಹೆರಿಟೇಜ್ ಸಾಲಿನ ಬೂಟು ಅಮೆರಿಕದಲ್ಲೇ ತಯಾರಾಗುತ್ತದೆ. ಚರ್ಮ ಬರುವುದು ಅದೇ ಊರಿನಲ್ಲಿ 1872ರಲ್ಲಿ ಶುರುವಾದ ಎಸ್.ಬಿ. ಫುಟ್ ಟ್ಯಾನರಿಯಿಂದ (ಚರ್ಮ ಹದಮಾಡುವ ಕಾರ್ಖಾನೆ), 1986ರಿಂದ ಅದು ರೆಡ್ ವಿಂಗ್‌ನದೇ ಸ್ವತ್ತು. ಇಷ್ಟರ ಮಟ್ಟಿಗೆ ನಿಮ್ಮ ಸ್ನೇಹಿತರ ಮಾತು ಸರಿ. ಆದರೆ ಅದೇ ಕಂಪನಿಯ ಕೆಲಸದ ಬೂಟುಗಳಲ್ಲಿ ಅನೇಕವು ಬೇರೆ ದೇಶಗಳಲ್ಲಿ ತಯಾರಾಗುತ್ತವೆ. ಅಮೆರಿಕದ ವ್ಯಾಪಾರ ಆಯೋಗದ ನಿಯಮದ ಪ್ರಕಾರ, ಯಾವ ವಿವರಣೆಯೂ ಇಲ್ಲದೆ 'ಅಮೆರಿಕದಲ್ಲಿ ತಯಾರಾದದ್ದು' ಎಂದು ಬರೆಯಬೇಕಾದರೆ ಹೆಚ್ಚುಕಡಿಮೆ ಪೂರ್ತಿ ವಸ್ತು ಅಲ್ಲಿಯದಾಗಿರಬೇಕು. ಅದಕ್ಕೇ 'ಆಮದು ಸಾಮಗ್ರಿ ಬಳಸಿ' ಎಂಬ ಸಣ್ಣ ಅಕ್ಷರದ ಬಾಲ ಎಷ್ಟೋ ಬೂಟುಗಳಿಗೆ ಅಂಟಿಕೊಂಡಿರುತ್ತದೆ. ವೈಬ್ರಮ್ ಎಂಬ ರಬ್ಬರ್ ಅಟ್ಟೆಯ ವಿಷಯದಲ್ಲಿ ಇದು ತಲೆಕೆಳಗು. ಇಟಲಿಯ ಪರ್ವತಾರೋಹಿ ವಿಟಾಲೆ ಬ್ರಮಾನಿ ಹುಟ್ಟುಹಾಕಿದ ಹೆಸರದು, ಆದರೆ 1965ರಲ್ಲಿ ಪರವಾನಗಿಯ ಮೇಲೆ ಮ್ಯಾಸಚೂಸೆಟ್ಸ್‌ನಲ್ಲೂ ತಯಾರಾಗತೊಡಗಿತು.

ಹಳೆಯ ಹೆಸರಿಗೂ ಈಗಿನ ವಿಳಾಸಕ್ಕೂ ಹೊಂದಿಕೆ ಇರಲೇಬೇಕೆಂದಿಲ್ಲ. 1870ರಲ್ಲಿ ಟಾಸ್ಮೇನಿಯಾದ ಹೋಬಾರ್ಟ್‌ನಲ್ಲಿ ಶುರುವಾದ ಬ್ಲಂಡ್‌ಸ್ಟೋನ್ ತನ್ನ ಚರ್ಮದ ಬೂಟುಗಳ ತಯಾರಿಕೆಯನ್ನು 2007ರಲ್ಲಿ ಥಾಯ್ಲೆಂಡ್ ಮತ್ತು ಭಾರತಕ್ಕೆ ಕಳಿಸುವುದಾಗಿ ಹೇಳಿತು. 1960ರ ಏಪ್ರಿಲ್ 1ರಂದು ಇಂಗ್ಲೆಂಡಿನ ವೊಲಸ್ಟನ್‌ನಲ್ಲಿ ಮೊದಲ ಜೊತೆ ಹೊರಬಿದ್ದ ಡಾಕ್ಟರ್ ಮಾರ್ಟೆನ್ಸ್ 2003ರಲ್ಲಿ ಬಹುಪಾಲು ಏಷ್ಯಾಕ್ಕೆ ಹೋಯಿತು. ಈಗ ವೊಲಸ್ಟನ್‌ನಲ್ಲಿ ತಯಾರಾಗುವುದು ದುಬಾರಿಯ ಒಂದು ಸಣ್ಣ ಸಾಲು ಮಾತ್ರ. ನ್ಯೂಯಾರ್ಕಿನ ಥರ್ಸ್‌ಡೇ ಎಂಬ ಕಂಪನಿಯ ಬೂಟುಗಳು ಬಹುತೇಕ ಬರುವುದು ಮೆಕ್ಸಿಕೊದ ಲಿಯೋನ್ ನಗರದಿಂದ. ಲಿಯೋನ್‌ಗೆ ಬೂಟು ಮಾಡುವುದು ಹೊಸದೇನಲ್ಲ, ಆ ದೇಶದ ಪಾದರಕ್ಷೆಯ ರಾಜಧಾನಿಯೇ ಅದು.

ಭಾರತದ ಮಾಲು ಎಂದರೆ ಕಳಪೆ ಎನ್ನುವವರನ್ನು ಒಮ್ಮೆ ಆಂಬೂರಿನ ಕಾರ್ಖಾನೆಯ ಕ್ಲಿಕಿಂಗ್ ವಿಭಾಗದಲ್ಲಿ ನಿಲ್ಲಿಸಬೇಕು. ಚರ್ಮ ಕತ್ತರಿಸುವುದಕ್ಕೆ ಕ್ಲಿಕಿಂಗ್ ಎಂದು ಹೆಸರು. ಬೂಟು ಚೆನ್ನಾಗಿ ಬರುವುದೋ ಹಾಳಾಗುವುದೋ ತೀರ್ಮಾನವಾಗುವುದು ಅಲ್ಲೇ. ಕಿಟಕಿಯ ಬೆಳಕಿಗೆ ಅಡ್ಡಲಾಗಿ ಹಾಸಿದ ಚರ್ಮದ ಮೇಲೆ ಕ್ಲಿಕರ್ ಮೊದಲು ಅಂಗೈ ಓಡಿಸುತ್ತಾನೆ. ಉಣುಗು ಕಚ್ಚಿದ ಚುಕ್ಕೆ, ಮುಳ್ಳುತಂತಿಯ ಗೀರು, ಬರೆ ಹಾಕಿದ ಗುರುತು, ನಮ್ಮ ಕಡೆಯ ಎತ್ತಿನದಾದರೆ ಹೆಗಲ ಮೇಲೆ ನೊಗದ ಜಡ್ಡು, ಇವೆಲ್ಲ ಕಣ್ಣಿಗಿಂತ ಮೊದಲು ಅವನ ಕೈಗೆ ಸಿಗುತ್ತವೆ. ಒಂದೊಂದಕ್ಕೂ ಬೆಳ್ಳಿ ಬಣ್ಣದ ಪೆನ್ನಿನಲ್ಲಿ ಸುತ್ತು ಹಾಕುತ್ತಾನೆ. ಬಳಿಕ ಚರ್ಮವನ್ನು ಎರಡು ದಿಕ್ಕಿಗೂ ಎಳೆದು ನೋಡುತ್ತಾನೆ. ಬೆನ್ನಿನ ಕಡೆಯದು ಬಿಗಿ, ಹೊಟ್ಟೆಯ ಕಡೆಯದು ಸಡಿಲ. ಬೂಟಿನ ಮುಂಭಾಗ ಬೆನ್ನಿನಿಂದಲೇ ಬರಬೇಕು, ಜಗ್ಗುವ ದಿಕ್ಕು ಪಾದಕ್ಕೆ ಅಡ್ಡಲಾಗಿರಬೇಕು. ಒಳಗಿನ ನಾಲಿಗೆ ಹೊಟ್ಟೆಯದಾದರೂ ನಡೆಯುತ್ತದೆ. ಎಡ, ಬಲ ಎರಡು ತುಂಡುಗಳ ಬಣ್ಣ, ರೇಖೆ ಒಂದಕ್ಕೊಂದು ಹೊಂದಬೇಕು. ಇಷ್ಟನ್ನೂ ಲೆಕ್ಕ ಹಾಕಿ, ಒಂದು ಅಂಗೈಯಷ್ಟೂ ಚರ್ಮ ದಂಡವಾಗದಂತೆ ಅಚ್ಚುಗಳನ್ನು ಜೋಡಿಸುತ್ತಾನೆ. ಬೆಲೆ ಕಡಿಮೆ ಮಾಡಿ ಎಂದು ಖರೀದಿದಾರರು ಒತ್ತಿದಾಗ ಕಾರ್ಖಾನೆ ಮಾಡುವ ಮೊದಲ ಕೆಲಸವೆಂದರೆ ಆ ಬೆಳ್ಳಿ ಸುತ್ತುಗಳಲ್ಲಿ ಅರ್ಧವನ್ನು ಕಡೆಗಣಿಸಲು ಅವನಿಗೆ ಹೇಳುವುದು. ಆರು ತಿಂಗಳಿಗೆ ಬೂಟಿನ ಮುಂಭಾಗ ಸಡಿಲಾಗಿ ಸುಕ್ಕುಗಟ್ಟಿದರೆ ದೂಷಿಸಬೇಕಾದದ್ದು ದೇಶವನ್ನಲ್ಲ, ಆ ಬೆಲೆಯನ್ನು ಕಟ್ಟಿದವರನ್ನು. ಇಂಗ್ಲೆಂಡಿನ ಕೆಟ್ಟರಿಂಗ್‌ನಲ್ಲಿ 1880ರಿಂದ ಇರುವ ಲೋಕ್ ಕಂಪನಿಯೂ ತನ್ನ ಕೆಲವು ಸಾಲುಗಳನ್ನು ಭಾರತದಲ್ಲಿ ಮಾಡಿಸುತ್ತದೆ. ಕೆಲಸ ಬಾರದವರ ಕೈಗೆ ಯಾರೂ ತಮ್ಮ ಹೆಸರು ಕೊಡುವುದಿಲ್ಲ.

ನಮ್ಮ ದೇಶದ ದನದ ಚರ್ಮ ಗಾತ್ರದಲ್ಲಿ ಚಿಕ್ಕದು, ತೆಳು. ಎರಡು ಮಿಲಿಮೀಟರ್ ದಾಟಿದ ದಪ್ಪ ಬೂಟಿಗೆ ಬೇಕಾದದ್ದನ್ನು ಎಷ್ಟೋ ಕಾರ್ಖಾನೆಗಳು ಹೊರಗಿನಿಂದ ತರಿಸುತ್ತವೆ. ಅಮೆರಿಕದ್ದೋ ಬ್ರೆಜಿಲ್‌ನದೋ ದನದ ಚರ್ಮ ಮೊದಲ ಹದ ಮುಗಿಸಿ, ನೀಲಿ ಬಣ್ಣಕ್ಕೆ ತಿರುಗಿ, ಒದ್ದೆಯಾಗಿಯೇ ಹಡಗು ಹತ್ತುತ್ತದೆ. ಈ ವ್ಯಾಪಾರದಲ್ಲಿ ಅದಕ್ಕೆ ವೆಟ್ ಬ್ಲೂ ಎನ್ನುತ್ತಾರೆ. ಬಣ್ಣ, ಎಣ್ಣೆ, ಮೆರುಗು ಇನ್ನೊಂದು ದೇಶದಲ್ಲಿ. 'ಇಟಲಿಯ ಚರ್ಮ' ಎಂದಾಗ ದನ ಇಟಲಿಯಲ್ಲಿ ಮೇದಿತ್ತು ಎಂದುಕೊಳ್ಳಬೇಡಿ.

ಆ ನೀಲಿ ಬಣ್ಣ ಕ್ರೋಮಿಯಂನದು. ಹೆರಿಟೇಜ್ ಬೂಟು ಎಂದರೆ ಮರದ ತೊಗಟೆಯಲ್ಲಿ ಹದಮಾಡಿದ ಚರ್ಮವೇ ಎಂಬ ನಂಬಿಕೆ ಇದೆ, ಅದು ಸರಿಯಲ್ಲ. ಜಗತ್ತಿನ ಚರ್ಮದಲ್ಲಿ ಬಹುಪಾಲು ಕ್ರೋಮ್ ಹದದ್ದು, ಈ ಬೂಟುಗಳೂ ಅದರಿಂದ ಹೊರತಲ್ಲ. ಷಿಕಾಗೊದ ಹಾರ್ವೀನ್ ಟ್ಯಾನರಿಯ ಪ್ರಸಿದ್ಧ ಕ್ರೋಮೆಕ್ಸೆಲ್ ಚರ್ಮಕ್ಕೆ ಕ್ರೋಮ್ ಮತ್ತು ತೊಗಟೆ ಎರಡೂ ಹದ ಕೊಡುತ್ತಾರೆ. ಪೂರ್ತಿ ತೊಗಟೆ ಹದದ ಚರ್ಮವನ್ನು ಮುಟ್ಟಿ ನೋಡಬೇಕಿದ್ದರೆ ಅಮೆರಿಕಕ್ಕೆ ಹೋಗಬೇಕಾಗಿಲ್ಲ, ಅಥಣಿಯ ಕೊಲ್ಹಾಪುರಿ ಚಪ್ಪಲಿ ಸಾಕು.

ಹದದಲ್ಲಿ ಸೇರುವ ಕ್ರೋಮಿಯಂ ವಿಷವಲ್ಲದ ಬಗೆಯದು, ಕಾಲಿಗೆ ಹೆದರಬೇಕಾದದ್ದು ಕಡಿಮೆ. ಅದು ಷಡ್‌ವೇಲೆನ್ಸಿ (ಕ್ರೋಮಿಯಂ-6 ಎನ್ನುವ) ರೂಪಕ್ಕೆ ತಿರುಗಿದರೆ ಮಾತ್ರ ಅಪಾಯ, ಯುರೋಪ್ ಅದಕ್ಕೆ ಚರ್ಮದ ಕಿಲೋಗೆ 3 ಮಿಲಿಗ್ರಾಂನ ಮಿತಿ ಹಾಕಿದೆ. ಭಯ ಇರುವುದು ನದಿಗೆ. ಪಾಲಾರ್ ಹುಟ್ಟುವುದು ನಮ್ಮ ನಂದಿ ಬೆಟ್ಟದ ಸೀಮೆಯಲ್ಲಿ, ಬೇತಮಂಗಲದ ಕೆರೆ ದಾಟಿ ವಾಣಿಯಂಬಾಡಿ, ಆಂಬೂರು, ರಾಣಿಪೇಟೆಯ ಕಡೆ ಹೋಗುತ್ತದೆ. ಅಲ್ಲಿಯ ಟ್ಯಾನರಿಗಳು ನದಿಗೂ ನೆಲಕ್ಕೂ ಮಾಡಿದ್ದನ್ನು ನೋಡಿಯೇ ಸುಪ್ರೀಂ ಕೋರ್ಟ್ 1996ರಲ್ಲಿ ವೆಲ್ಲೂರು ನಾಗರಿಕರ ವೇದಿಕೆಯ ಪ್ರಕರಣದಲ್ಲಿ ಮಾಲಿನ್ಯ ಮಾಡಿದವರೇ ದಂಡ ತೆರಬೇಕು ಎಂದು ತೀರ್ಪು ಕೊಟ್ಟಿತು. ತೊಗಟೆ ಹದವಾದರೆ ಪರಿಸರಕ್ಕೆ ಹಾನಿಯಿಲ್ಲ ಎನ್ನುವವರು ಉಪ್ಪನ್ನು ಮರೆಯುತ್ತಾರೆ. ಹಸಿ ಚರ್ಮ ಕೊಳೆಯದಂತೆ ಬಳಿದ ಉಪ್ಪೆಲ್ಲ ಮೊದಲ ತೊಳೆತದಲ್ಲೇ ನೀರು ಸೇರುತ್ತದೆ, ಮುಂದಿನ ಹದ ಯಾವುದೇ ಇರಲಿ. ಶುದ್ಧೀಕರಣ ಘಟಕ ಎಲ್ಲಿದೆ ಎಂದು ಹೇಳುವ ಕಂಪನಿಗೆ ನಾನು ಹೆಚ್ಚು ಬೆಲೆ ಕೊಡುತ್ತೇನೆ.

ಜೀವಮಾನದ ಮಾತು. ಅಟ್ಟೆಯನ್ನು ಹಲವು ಬಾರಿ ಬದಲಿಸಬಹುದು ನಿಜ, ಆದರೆ ಪ್ರತಿ ಸಲವೂ ವೆಲ್ಟಿನಲ್ಲಿ ಹೊಸ ತೂತು ಬೀಳುತ್ತದೆ, ಒಂದು ಹಂತದಲ್ಲಿ ವೆಲ್ಟನ್ನೇ ಬದಲಿಸಬೇಕಾಗುತ್ತದೆ. ಅದಕ್ಕೆ ಯಂತ್ರ ಇರುವವರು ನಮ್ಮಲ್ಲಿ ಬೆರಳೆಣಿಕೆ. ಬೀದಿ ಬದಿಯ ಮೋಚಿ ಅಟ್ಟೆಯ ಅಂಚಿಗೆ ಗಟ್ಟಿ ಹೊಲಿಗೆ ಹಾಕಿಕೊಡುತ್ತಾನೆ, ಹಿಮ್ಮಡಿಯನ್ನು ಚೆನ್ನಾಗಿ ಬದಲಿಸುತ್ತಾನೆ. ಜೆಮ್ಮಿಂಗ್ ಎದ್ದರೆ ಮಾತ್ರ ಅವನಿಂದಾಗದು. ಬೂಟನ್ನು ಬಹುಬೇಗ ಕೊಲ್ಲುವುದು ನಮ್ಮ ಮಳೆಗಾಲದ ಬೂಷ್ಟು ಮತ್ತು ಒದ್ದೆ ಬೂಟನ್ನು ಬಿಸಿಲಿಗೆ ಇಡುವ ಅಭ್ಯಾಸ. ನೆರಳಲ್ಲಿ ಒಣಗಿಸಿ, ಒಂದು ದಿನ ಬಿಟ್ಟು ಒಂದು ದಿನ ಹಾಕಿ.

ಅಳತೆಯ ಬಗ್ಗೆ ನೀವು ಕೇಳಿಲ್ಲ, ಆದರೂ ಹೇಳುತ್ತೇನೆ, ಹಣ ಹೆಚ್ಚು ಪೋಲಾಗುವುದು ಅಲ್ಲೇ. ರೆಡ್ ವಿಂಗ್‌ನ ಈ ಬೂಟುಗಳನ್ನು ಸಾಮಾನ್ಯವಾಗಿ ಅಂಗಡಿಯ ಪಾದ ಅಳೆಯುವ ಸಾಧನ ತೋರಿಸುವುದಕ್ಕಿಂತ ಅರ್ಧ ಸೈಜ್ ಚಿಕ್ಕದನ್ನು ತೆಗೆದುಕೊಳ್ಳುತ್ತಾರೆ. ನಿಮ್ಮ ಸ್ಪೋರ್ಟ್ಸ್ ಶೂ ಮೇಲಿನ ಸಂಖ್ಯೆಯನ್ನು ಚಿಕ್ಕಪ್ಪನಿಗೆ ಕಳಿಸಬೇಡಿ. ಬೂಟಿಗೆ ಹಾಕುವ ಕಾಲುಚೀಲವನ್ನೇ ತೊಟ್ಟು, ಸಂಜೆಯ ಹೊತ್ತು ಕಾಗದದ ಮೇಲೆ ಎರಡೂ ಪಾದ ಊರಿ ನಿಂತು ಗೆರೆ ಎಳೆಸಿ, ಉದ್ದ ಅಗಲ ಎರಡನ್ನೂ ಬರೆದು ಕಳಿಸಿ. ನಮ್ಮವರಲ್ಲಿ ಬರಿಗಾಲಿನಲ್ಲಿ ಬೆಳೆದ ಅನೇಕರ ಪಾದ ಮುಂದೆ ಅಗಲ, ಡಿ ಎನ್ನುವ ಸಾಮಾನ್ಯ ಅಗಲ ಸಾಲದೆ ಹೋಗಬಹುದು. ಅಂಗಡಿಯಲ್ಲಿ ಅದಕ್ಕಿಂತ ಅಗಲವಾದ ಡಬಲ್ ಇ ಇದೆಯೇ ಎಂದು ಅವರೇ ವಿಚಾರಿಸಲಿ, ಬಿಲ್ಲನ್ನೂ ಜೋಪಾನವಾಗಿ ಇಟ್ಟುಕೊಳ್ಳಲಿ.