ದೋಣಿ ತೇಲಬೇಕು, ಓಡಬಾರದು

ಪ್ರಶ್ನೆ: ‘ದ ಲ್ಯಾಂಡ್ ಬಿಯಾಂಡ್ ದ ಸನ್‌ಸೆಟ್’ (1912) ಮೂಕಿ ಕಿರುಚಿತ್ರವನ್ನು ಶಾಲೆಯಲ್ಲಿ ತೋರಿಸಬೇಕೆಂದಿದ್ದೇವೆ. ಸಿಕ್ಕ ಪ್ರತಿಗಳಲ್ಲಿ ಒಂದು 11 ನಿಮಿಷದ್ದು, ಇನ್ನೊಂದು 14ರದ್ದು. ಚಿಕ್ಕದರಲ್ಲಿ ದೃಶ್ಯಗಳನ್ನು ಕತ್ತರಿಸಿದ್ದಾರೆಯೇ?
— ಶಿಕ್ಷಕರೊಬ್ಬರು

ಉತ್ತರ: ಕತ್ತರಿಗಿಂತ ಮೊದಲು ವೇಗದ ಮೇಲೆ ಅನುಮಾನ ಪಡಿ. ಎಡಿಸನ್ ಕಂಪನಿಗಾಗಿ ಹೆರಾಲ್ಡ್ ಶಾ ನಿರ್ದೇಶಿಸಿದ ಇದು ಒಂದೇ ರೀಲಿನ ಚಿತ್ರ. ತುಂಬಿದ ರೀಲೆಂದರೆ ಸುಮಾರು 1000 ಅಡಿ. 35 ಎಂಎಂ ಫಿಲ್ಮಿನಲ್ಲಿ ಅಡಿಗೆ 16 ಫ್ರೇಮು, ಅಂದರೆ 16 ಬಿಡಿ ಚಿತ್ರಗಳು. ಆ 16,000 ಫ್ರೇಮುಗಳನ್ನು ಸೆಕೆಂಡಿಗೆ 24ರಂತೆ ಬಿಟ್ಟರೆ 11 ನಿಮಿಷಕ್ಕೆ ಮುಗಿಯುತ್ತವೆ, 18ರಂತೆ ಬಿಟ್ಟರೆ 15ರ ಹತ್ತಿರ ಬರುತ್ತವೆ. ಕ್ಯಾಮೆರಾದ ಹಿಡಿ ಕೈಯಲ್ಲಿ ತಿರುಗುತ್ತಿದ್ದ ಕಾಲವದು. 24 ಕಾಯಂ ಆದದ್ದು ಸಿನಿಮಾಗೆ ಮಾತು ಬಂದ ಮೇಲೆ.

ಚಿಕ್ಕ ಪ್ರತಿಯನ್ನು ಕಂಪ್ಯೂಟರಿನಲ್ಲಿ ವಿಡಿಯೊ ತೋರಿಸುವ ವಿಎಲ್‌ಸಿ ತಂತ್ರಾಂಶದಲ್ಲಿ ತೆರೆದು, ‘ಇ’ ಕೀಲಿ ಒತ್ತುತ್ತ ಒಂದೊಂದೇ ಫ್ರೇಮು ನೋಡಿ. ಯಾರಾದರೂ ನಡೆಯುವ ದೃಶ್ಯವಾದರೆ ಒಳ್ಳೆಯದು. 24ರ ಫೈಲಿನಲ್ಲಿ ಪ್ರತಿ ನಾಲ್ಕನೆಯ ಫ್ರೇಮು ಹಿಂದಿನದರ ನಕಲಾಗಿದ್ದರೆ ವೇಗವನ್ನು ಆಗಲೇ 18ಕ್ಕೆ ಸರಿಪಡಿಸಿದ್ದಾರೆ. ಕೈ ಹಚ್ಚಬೇಡಿ, ಇನ್ನೂ ನಿಧಾನಿಸಿದರೆ ಪಾತ್ರಗಳು ತೆವಳುತ್ತವೆ. ನಿಮ್ಮ ಕಡಿಮೆ ಅವಧಿಗೆ ಕತ್ತರಿ ಕಾರಣವಾಗುವುದು ಆಗ ಮಾತ್ರ. ನಕಲೇ ಇಲ್ಲದಿದ್ದರೆ ವೇಗ 0.75ಕ್ಕೆ ಇಳಿಸಿ. ಜೊತೆಗಿರುವ ಸಂಗೀತವೂ ಎಳೆದಾಡುತ್ತದೆ, ಆದ್ದರಿಂದ ಧ್ವನಿ ಮುಚ್ಚಿ. ಚಿತ್ರ ಹಳೆಯದಾದರೂ ಆ ಸಂಗೀತ ಹೊಸದು. ಅದರ ಹಕ್ಕು ಬೇರೆಯವರದಿರಬಹುದು. ಹಾರ್ಮೋನಿಯಂ ನುಡಿಸುವವರು ಸಿಕ್ಕರೆ ಸಾಕು.

ದೃಶ್ಯಗಳ ನಡುವೆ ಬರಹ ತೋರಿಸುವ ಅಕ್ಷರಫಲಕ ನೋಡಿ ವೇಗ ಅಳೆಯಬೇಡಿ, ನೀರು ನೋಡಿ ಅಳೆಯಿರಿ. ಪತ್ರಿಕೆ ಮಾರುವ ಜೋ, ಹೊಡೆಯುವ ಅಜ್ಜಿ, ಒಂದು ದಿನದ ಪಿಕ್ನಿಕ್, ಅಲ್ಲಿ ಕೇಳಿದ ಕಿನ್ನರಿ ಕಥೆ: ಇವೆಲ್ಲ ತುಸು ಬಿರುಸಾಗಿ ಓಡಿದರೂ ನಡೆದೀತು. ಆದರೆ ಮನೆಗೆ ಮರಳಲು ಒಲ್ಲದೆ ಅಡಗಿಕೊಂಡ ಹುಡುಗ ಕಥೆ ಪುಸ್ತಕದೊಂದಿಗೆ ದೋಣಿ ಹತ್ತಿ ದೂರವಾಗುವ ಕೊನೆಯ ಶಾಟ್ ಇದೆಯಲ್ಲ, ಚಿತ್ರದ ಜೀವ ಅಲ್ಲಿದೆ. ಅಲ್ಲಿ ಅಲೆಗಳು ಪಟಪಟ ಬಡಿದರೆ ಇಡೀ ಕೆಲಸ ಕೆಟ್ಟಿತು. ಇನ್ನೂ ಅವಸರ ಕಂಡರೆ 0.67ಕ್ಕೆ, ಅಂದರೆ ಸೆಕೆಂಡಿಗೆ 16 ಫ್ರೇಮಿಗೆ, ಇಳಿಸಿ ನೋಡಿ.

ಫಲಕಗಳನ್ನು ಒಬ್ಬರು ಕನ್ನಡದಲ್ಲಿ ಗಟ್ಟಿಯಾಗಿ ಓದಲಿ; ಕೊನೆಯ ಶಾಟ್‌ಗೆ ಮಾತ್ರ ವಿವರಣೆ ಬೇಡ. ‘ಅವನು ಸತ್ತನಾ?’ ಎಂದು ಮಕ್ಕಳು ಕೇಳಿಯೇ ಕೇಳುತ್ತಾರೆ. ಚಿತ್ರವೇ ಹೇಳದ್ದನ್ನು ನೀವೇಕೆ ಹೇಳಬೇಕು? ಪಿಕ್ನಿಕ್ ನಿಜವಾ ಎಂದು ಕೇಳಿದರೆ ಉತ್ತರವಿದೆ: ನ್ಯೂಯಾರ್ಕಿನ ಬಡ ಮಕ್ಕಳನ್ನು ಊರಾಚೆಯ ಗಾಳಿಗೆ ಕರೆದೊಯ್ಯುವ ‘ಫ್ರೆಶ್ ಏರ್ ಫಂಡ್’ 1877ರಲ್ಲೇ ಶುರುವಾಗಿತ್ತು, ಈ ಚಿತ್ರ ಅದರ ಸಹಕಾರದಿಂದಲೇ ತಯಾರಾದದ್ದು.