2019ರ ಎಲ್‌ಎಸ್‌ಯು (ಲೂಸಿಯಾನ ಸ್ಟೇಟ್ ಯೂನಿವರ್ಸಿಟಿ) ಅಮೆರಿಕನ್ ಫುಟ್‌ಬಾಲ್ ತಂಡದ ಋತುವನ್ನು ಅಷ್ಟೊಂದು ಹೊಗಳುವುದೇಕೆ?

ಆಡಿದ 15 ಪಂದ್ಯಗಳನ್ನೂ ಗೆದ್ದದ್ದು ಒಂದು ಕಾರಣ. ಗೆದ್ದ ರೀತಿ ಅದಕ್ಕಿಂತ ದೊಡ್ಡದು. ಲೂಸಿಯಾನ ರಾಜ್ಯದ ಈ ವಿಶ್ವವಿದ್ಯಾಲಯದ ತಂಡ ಅದುವರೆಗೆ ಚೆಂಡು ಹಿಡಿದು ಓಡುವುದು ಮತ್ತು ರಕ್ಷಣೆಯನ್ನೇ ನಂಬಿತ್ತು. ಆ ವರ್ಷ ನ್ಯೂ ಆರ್ಲಿಯನ್ಸ್ ಸೇಂಟ್ಸ್ ಎಂಬ ವೃತ್ತಿಪರ ತಂಡದಿಂದ ಬಂದ ಯುವ ತರಬೇತುದಾರ ಜೋ ಬ್ರೇಡಿ ಎಸೆತದ ಆಟವನ್ನೇ ಬದಲಿಸಿದರು. ಕ್ವಾರ್ಟರ್‌ಬ್ಯಾಕ್ (ಚೆಂಡೆಸೆದು ದಾಳಿ ನಡೆಸುವ ಆಟಗಾರ) ಜೋ ಬರೋ 60 ಟಚ್‌ಡೌನ್ ಪಾಸ್‌ಗಳನ್ನು, ಅಂದರೆ ಎದುರಾಳಿಯ ಕೊನೆಯ ಗೆರೆ ದಾಟಿ ಆರು ಅಂಕ ತರುವ ಎಸೆತಗಳನ್ನು, ಎಸೆದು ಕಾಲೇಜು ಫುಟ್‌ಬಾಲ್‌ನ ಶ್ರೇಷ್ಠ ಆಟಗಾರನಿಗೆ ಕೊಡುವ ಹೈಸ್ಮನ್ ಪ್ರಶಸ್ತಿ ಪಡೆದರು.

ನನ್ನ ಮಟ್ಟಿಗೆ ಋತುವಿನ ದಿಕ್ಕು ಬದಲಾದದ್ದು ಸೆಪ್ಟೆಂಬರ್‌ನಲ್ಲಿ, ಟೆಕ್ಸಾಸ್ ವಿಶ್ವವಿದ್ಯಾಲಯದ ತಂಡದ ವಿರುದ್ಧ. ಮುನ್ನಡೆ ಬರೀ ಆರು ಅಂಕ, ಚೆಂಡು ಉಳಿಸಿಕೊಳ್ಳಲು ಸಿಗುವ ನಾಲ್ಕು ಯತ್ನಗಳಲ್ಲಿ ಮೂರನೆಯದು, ದಾಟಬೇಕಾದದ್ದು 17 ಗಜ. ಇಂಥ ಹೊತ್ತಿನಲ್ಲಿ ಹೆಚ್ಚಿನವರು ಚೆಂಡನ್ನು ಜೋಪಾನ ಮಾಡಿ ಸಮಯ ಕಳೆಯುತ್ತಾರೆ. ಎದುರಾಳಿಗಳು ಮೇಲೆರಗುತ್ತಿದ್ದಾಗಲೇ ಬರೋ ಹೆಜ್ಜೆ ಮುಂದಿಟ್ಟು ಸಹ ಆಟಗಾರ ಜಸ್ಟಿನ್ ಜೆಫರ್ಸನ್‌ಗೆ ಎಸೆದರು: 61 ಗಜ, ಟಚ್‌ಡೌನ್. ಎಂಥ ಎದೆಗಾರಿಕೆ!

ನವೆಂಬರ್‌ನಲ್ಲಿ ಅಲಬಾಮಾವನ್ನು ಅದರ ಅಂಗಳದಲ್ಲೇ 46-41ರಿಂದ ಮಣಿಸಿದರು. ಅದಕ್ಕೆ ಮೊದಲು ಸತತ ಎಂಟು ಸಲ ಅವರೆದುರು ಸೋತಿದ್ದ ತಂಡವಿದು. ಸೆಮಿಫೈನಲ್‌ನಲ್ಲಿ ಒಕ್ಲಹೋಮಾ ವಿರುದ್ಧ 63-28. 2020ರ ಜನವರಿ 13ರಂದು ನ್ಯೂ ಆರ್ಲಿಯನ್ಸ್‌ನಲ್ಲಿ, ತಮ್ಮದೇ ರಾಜ್ಯದ ಜನರೆದುರು, ಸತತ 29 ಪಂದ್ಯ ಗೆದ್ದು ಬಂದಿದ್ದ ಕ್ಲೆಮ್ಸನ್ ತಂಡವನ್ನು 42-25ರಿಂದ ಸೋಲಿಸಿ ರಾಷ್ಟ್ರೀಯ ಕಿರೀಟ ಗೆದ್ದರು.