ಏರುತ್ತಲೇ ಇರುವ ಲಯ, ನಿಂತಂತಿರುವ ಕಾಲ: ಓದುಗರ ಪ್ರಶ್ನೆಗಳಿಗೆ ಉತ್ತರ

ಪ್ರಶ್ನೆ: ನಾನು ಬರೆಯುತ್ತಿರುವ ಬಾನುಲಿ ನಾಟಕದಲ್ಲಿ ಒಂದು ಕಲ್ಪಿತ ಕೃತಿ ಬರುತ್ತದೆ. ಕೇಳಿದವರಿಗೆ ಹೊತ್ತು ಓಡುತ್ತಲೇ ಇದೆ, ಹಿಡಿತಕ್ಕೆ ಸಿಗುತ್ತಿಲ್ಲ ಅನ್ನಿಸಬೇಕು. ಆದರೆ ವೇಗ ಏರಿಸುತ್ತ ಹೋದರೆ ಒಂದೆರಡು ನಿಮಿಷಕ್ಕೇ ನುಡಿಸುವವರ ಕೈ ಸೋಲುತ್ತದೆ. ಏನಾದರೂ ಉಪಾಯವಿದೆಯೇ?
(ಓದುಗರು, ಸಾಗರ)

ಉತ್ತರ: ಇದೆ. ಫ್ರಾನ್ಸಿನ ಸಂಯೋಜಕ ಝಾನ್-ಕ್ಲೋಡ್ ರಿಸ್ಸೆ ಅವರ ಹೆಸರಿನಲ್ಲೇ ಪ್ರಸಿದ್ಧವಾದ ತಂತ್ರವಿದು. ಲಯ ಸದಾ ಏರುತ್ತಿರುವಂತೆ ಕೇಳಿಸುತ್ತದೆ, ಆದರೆ ಎಲ್ಲಿಗೂ ಏರಿರುವುದಿಲ್ಲ.

ಒಂದೇ ನಡೆಯ ಮೂರು ಪದರ ಮಾಡಿಕೊಳ್ಳಿ. ಮೊದಲನೆಯದು ನಿಮಿಷಕ್ಕೆ 30 ಪೆಟ್ಟಿನಿಂದ 60ಕ್ಕೆ, ಎರಡನೆಯದು 60ರಿಂದ 120ಕ್ಕೆ, ಮೂರನೆಯದು 120ರಿಂದ 240ಕ್ಕೆ ಏರಲಿ. ಮೂರಕ್ಕೂ ಅವಧಿ ಒಂದೇ, 22.18 ಸೆಕೆಂಡು. ಆಗ ಪೆಟ್ಟುಗಳು ಕ್ರಮವಾಗಿ 16, 32, 64 ಬರುತ್ತವೆ. 8 ಪೆಟ್ಟಿನ ಆದಿತಾಳದಲ್ಲಿ 2, 4, 8 ಆವರ್ತನ (ತಾಳದ ಸುತ್ತು), ಚೂರೂ ಮಿಗುವುದಿಲ್ಲ. ಮೊದಲ ಪದರ ನಿಶ್ಶಬ್ದದಿಂದ ಮೆಲ್ಲಗೆ ಮೇಲೇಳಬೇಕು, ಮೂರನೆಯದು ಕರಗಿ ಇಲ್ಲವಾಗಬೇಕು, ನಡುವಿನದು ಎದ್ದು ಕೇಳಬೇಕು. ಸುತ್ತು ಮುಗಿಯುವಾಗ ಒಂದೊಂದು ಪದರವೂ ಮುಂದಿನ ಪದರದ ಆರಂಭದ ವೇಗಕ್ಕೂ ಆರಂಭದ ಸದ್ದಿಗೂ ಬಂದು ಮುಟ್ಟಿದ್ದರೆ, ಅದೇ ತುಣುಕನ್ನು ಎಷ್ಟು ಸಲ ಜೋಡಿಸಿದರೂ ಬೆಸುಗೆ ಗೊತ್ತಾಗದು.

ಪೆಟ್ಟು ಬೀಳಬೇಕಾದ ಹೊತ್ತನ್ನು ಎಕ್ಸೆಲ್‌ನಲ್ಲಿ ಲೆಕ್ಕ ಹಾಕಿ. ಮೊದಲ ಪೆಟ್ಟನ್ನು 0 ಎಂದು ಎಣಿಸಿ. ನಡುವಿನ ಪದರಕ್ಕಾದರೆ ಪೆಟ್ಟಿನ ಸಂಖ್ಯೆಯನ್ನು 32ರಿಂದ ಭಾಗಿಸಿ, 1 ಕೂಡಿಸಿ, 2ನ್ನು ಆಧಾರವಾಗಿಟ್ಟು ಲಾಗರಿದಮ್ ತೆಗೆದು, 22.18ರಿಂದ ಗುಣಿಸಿ. 8ನೇ ಪೆಟ್ಟು 7.14ಕ್ಕೆ, 16ನೆಯದು 12.97ಕ್ಕೆ, 24ನೆಯದು 17.91ನೇ ಸೆಕೆಂಡಿಗೆ ಬರುತ್ತದೆ. ಉಳಿದೆರಡು ಪದರಗಳಿಗೆ 32ರ ಜಾಗದಲ್ಲಿ 16 ಮತ್ತು 64 ಇಡಿ.

ಹೆಚ್ಚಿನವರು ಎಡವುವುದು ಇಲ್ಲೇ. ಸೆಕೆಂಡಿಗೆ ಇಷ್ಟೆಂದು ಸಮನಾಗಿ ವೇಗ ಕೂಡಿಸುತ್ತ ಹೋದರೆ ಸುತ್ತಿನ ಕೊನೆಗೆ ಏರಿಕೆ ಮಂದವಾಗಿ, ಹೊಸ ಸುತ್ತಿಗೆ ತಟ್ಟನೆ ಚುರುಕಾಗುತ್ತದೆ. ಆ ಜರ್ಕು ಕೇಳಿತೆಂದರೆ ಭ್ರಮೆ ಮುಗಿಯಿತು. ಪದರಕ್ಕೊಂದು ವಾದ್ಯ ಇಡುವುದೂ ತಪ್ಪೇ: ಹೊಸ ದನಿ ಒಳಗೆ ಬಂದದ್ದನ್ನು ಕಿವಿ ಆಗಲೇ ಪತ್ತೆಹಚ್ಚುತ್ತದೆ. ಮೂರಕ್ಕೂ ಖಂಜೀರದ ಒಂದೇ ಒಣ ಪೆಟ್ಟು ಸಾಕು. ಮೃದಂಗದ ಎಡಭಾಗದ ಗುಂಕಾರ ಬೇಡ, 240ರ ವೇಗದಲ್ಲಿ ಒಂದರ ಮೇಲೊಂದು ಬಿದ್ದು ಕಲಸಿಹೋಗುತ್ತದೆ.

ಪ್ರಶ್ನೆ: ನನ್ನ ಕಥೆಗೆ ಕಾಲ ನಿಂತುಹೋದಂತೆ ಅನ್ನಿಸುವ ಸಂಗೀತ ಬೇಕು. ಹಿಂದೂಸ್ತಾನಿ ಗಾಯನದ ಖಯಾಲ್ ಒಂದರ ಧ್ವನಿಮುದ್ರಣವನ್ನು ಕಂಪ್ಯೂಟರಿನಲ್ಲಿ ಅರ್ಧ ವೇಗಕ್ಕೆ ಇಳಿಸಿದೆ. ಬರೀ ಬೇಸರ ಬಂತು. ಯಾಕೆ?
(ಓದುಗರು, ಧಾರವಾಡ)

ಉತ್ತರ: ತಾಳದ ಜೊತೆಗೆ ಮೀಂಡ್ (ಸ್ವರದಿಂದ ಸ್ವರಕ್ಕೆ ಜಾರುವುದು), ಮುರ್ಕಿ (ಸ್ವರಗಳ ಚುರುಕು ತಿರುವು), ಉಸಿರು ಎಲ್ಲವೂ ಎಳೆದುಕೊಂಡವು, ಅದಕ್ಕೆ. ನಿಧಾನವಾಗಬೇಕಾದ್ದು ತಾಳ ಮಾತ್ರ. ಎರಡು ಪೆಟ್ಟುಗಳ ನಡುವಿನ ಅಂತರ ಸುಮಾರು 2 ಸೆಕೆಂಡು ದಾಟಿತೆಂದರೆ ಕಿವಿ ಅವನ್ನು ಒಂದೇ ಲಯವಾಗಿ ಹಿಡಿಯಲಾರದು. ವಿಲಂಬಿತ, ಅಂದರೆ ನಿಧಾನಗತಿಯ, ಏಕತಾಲದ 12 ಮಾತ್ರೆಗಳಿಗೆ (ಎಣಿಕೆಗಳಿಗೆ) ತಲಾ 4 ಸೆಕೆಂಡು ಕೊಟ್ಟರೆ ಆವರ್ತನಕ್ಕೆ 48 ಸೆಕೆಂಡು. ಇಲ್ಲಿ ಕೇಳುಗನಿಗೆ ಆಸರೆ ಠೇಕಾದ (ತಬಲಾದಲ್ಲಿ ತಾಳಕ್ಕೆ ನುಡಿಸುವ ಗೊತ್ತಾದ ಬೋಲುಗಳ ಸಾಲಿನ) ಗುರುತುಗಳು, ಅಂದರೆ 4 ಮತ್ತು 10ನೇ ಮಾತ್ರೆಯ ‘ತಿರಕಿಟ’ ಎಂಬ ಬೋಲು, ಮತ್ತೆ ಸಮ್‌ಗೆ (ಆವರ್ತನದ ಮೊದಲ ಮಾತ್ರೆಗೆ) ಕರೆತರುವ ಹಾಡಿನ ತುಣುಕಾದ ಮುಖಡಾ.

ಮೂರು ಆವರ್ತನ ಮುಖಡಾ ತಪ್ಪದೆ ಬರಲಿ, ಕೇಳುಗ ಅದಕ್ಕೆ ಕಾಯುವುದನ್ನು ಕಲಿಯಲಿ. ನಾಲ್ಕನೆಯದರಲ್ಲಿ ಮುಖಡಾ ಬಿಟ್ಟು, 10ನೇ ಮಾತ್ರೆಯ ತಿರಕಿಟವನ್ನೂ ತೆಗೆದು, ತಂಬೂರಿಯ ಮೇಲೆ ಒಂದೇ ಸ್ವರ ನಿಲ್ಲಿಸಿ. ಕಾಲ ನಿಲ್ಲುವುದು ಆ ಜಾಗದಲ್ಲಿ. ಕಾಯುವುದನ್ನು ಕಲಿಸದೆ ಮೊದಲ ಆವರ್ತನದಲ್ಲೇ ತಾಳ ಮರೆಸಿದರೆ ಅದು ಬರೀ ತಾಳವಿಲ್ಲದ ಆಲಾಪವಾಗುತ್ತದೆ, ಯಾರೂ ಏನನ್ನೂ ಕಳೆದುಕೊಳ್ಳುವುದಿಲ್ಲ.

ಪ್ರಶ್ನೆ: ಕಥೆಯ ಪಾತ್ರವೊಂದು ಸಂಗೀತ ಕೃತಿಯೊಂದನ್ನು ಕೇಳುತ್ತದೆ. ಕೃತಿ ಮುಗಿದ ಮೇಲೆ ಆ ಪಾತ್ರಕ್ಕೆ ಅದರ ಅವಧಿ ಹೆಚ್ಚೆನಿಸಬೇಕೋ, ಕಡಿಮೆಯೋ?
(ಓದುಗರು, ಮೈಸೂರು)

ಉತ್ತರ: ಕೇಳುವಾಗ ಅನ್ನಿಸುವುದು ಬೇರೆ, ಆಮೇಲೆ ನೆನೆದಾಗ ಅನ್ನಿಸುವುದು ಬೇರೆ. ಗಮನವೆಲ್ಲ ಸಂಗೀತದಲ್ಲಿದ್ದರೆ ಆ ಹೊತ್ತು ಬೇಗ ಸರಿಯುತ್ತದೆ. ನೆನಪಿನಲ್ಲಿ ಮಾತ್ರ, ಬದಲಾವಣೆ ಹೆಚ್ಚಿದ್ದಷ್ಟೂ ಉದ್ದ ಕಾಣುತ್ತದೆ. ಒಂದೇ ಸೊಲ್ಲು ತಿರುಗುವ ಕೃತಿ ಇದಕ್ಕೆ ಉಲ್ಟಾ: ಕೇಳುವಾಗ ಮುಗಿಯದು, ಆಮೇಲೆ ಚಿಕ್ಕದು. ಆದ್ದರಿಂದ ‘ಎಷ್ಟು ಹೊತ್ತಾಯಿತು?’ ಎಂಬ ಮಾತನ್ನು ಕೃತಿ ಮುಗಿಯುವವರೆಗೆ ಯಾವ ಪಾತ್ರದ ಬಾಯಲ್ಲೂ ಹಾಕಬೇಡಿ. ಹಾಕಿದರೆ ಕೇಳುಗರೂ ಸೆಕೆಂಡು ಎಣಿಸಲು ಶುರುಮಾಡುತ್ತಾರೆ.